ಹಳೇ ಸಿ.ಡಿ. ಮೇಲಿನ ಸುಳ್ಳು ಆಪಾದನೆ

1997–98ರ ಸುಮಾರಿನ ಸಿ.ಡಿ.ಯೊಂದನ್ನು ಇವತ್ತಿನ ಕಂಪ್ಯೂಟರಿಗೆ ಹಾಕಿ ಸೆಟಪ್ ಮೇಲೆ ಕ್ಲಿಕ್ ಮಾಡಿದರೆ ವಿಂಡೋಸ್ ಕೊಡುವ ಉತ್ತರ ಬಲು ವಿನಯದ್ದು: ಈ ಆ್ಯಪ್ ನಿಮ್ಮ ಪಿ.ಸಿ.ಯಲ್ಲಿ ಓಡುವುದಿಲ್ಲ, ಹೊಂದುವ ಆವೃತ್ತಿಗಾಗಿ ಪ್ರಕಾಶಕರನ್ನು ವಿಚಾರಿಸಿ. ಪ್ರಕಾಶಕರು ಬಾಗಿಲು ಹಾಕಿಕೊಂಡು ಎಷ್ಟೋ ವರ್ಷವಾಗಿರುತ್ತದೆ. ಇನ್ನು ವಿಚಾರಿಸುವುದು ರಿಪೇರಿ ಅಂಗಡಿಯಲ್ಲಿ. ಅಲ್ಲಿ ಸಿಗುವುದು ಒಂದೇ ಮಾತು: "ಹಳೇದು ಸಾರ್ ಇದು, ಈಗಿನ ಮಷೀನಲ್ಲಿ ಓಡಲ್ಲ. ಹೊಸದು ತಗೊಳ್ಳಿ."

ಕಲಿತವರೂ ಹೇಳುವುದು ಇದನ್ನೇ, ಕೊಂಚ ಗಂಭೀರವಾದ ಭಾಷೆಯಲ್ಲಿ. ತಂತ್ರಾಂಶಕ್ಕೂ ಆಯುಸ್ಸಿದೆ, ಯಂತ್ರ ಮುಂದೆ ಹೋದಂತೆ ಹಿಂದಿನದು ಉದುರುವುದು ಸಹಜ, 64-ಬಿಟ್ ಪ್ರೊಸೆಸರಿಗೆ 16-ಬಿಟ್ ಆದೇಶಗಳು ತಿಳಿಯುವುದಿಲ್ಲ, ಅದಕ್ಕೆ ಯಾರೂ ಏನೂ ಮಾಡುವಂತಿಲ್ಲ ಎಂದು. ಈ ಅಭಿಪ್ರಾಯ ಎಷ್ಟು ಬಳಕೆಯಲ್ಲಿದೆಯೆಂದರೆ ಅದನ್ನು ಪರೀಕ್ಷಿಸಿ ನೋಡುವ ಗೋಜಿಗೇ ಯಾರೂ ಹೋಗುವುದಿಲ್ಲ. ಪರೀಕ್ಷಿಸಿದರೆ ಬಹುಪಾಲು ಸಂದರ್ಭಗಳಲ್ಲಿ ಒಂದು ವಿಚಿತ್ರ ಕಣ್ಣಿಗೆ ಬೀಳುತ್ತದೆ. ಓಡದೆ ಹೋಯಿತೆಂದು ನಾವು ತಿಥಿ ಮಾಡಿ ಮುಗಿಸಿದ ತಂತ್ರಾಂಶವನ್ನು ಓಡಿಸಿಯೇ ಇರುವುದಿಲ್ಲ. ಓಡದೆ ನಿಂತದ್ದು ಅದನ್ನು ಒಳಗೆ ಕರೆತರಬೇಕಿದ್ದ ಇನ್‌ಸ್ಟಾಲರ್. ಎತ್ತಿಗೆ ಜ್ವರ ಬಂದರೆ ಎಮ್ಮೆಗೆ ಬರೆ.

ಆ ಕಾಲದ ಸಿ.ಡಿ.ಯೊಂದನ್ನು ಕ್ಲಿಕ್ ಮಾಡದೆ ಫೋಲ್ಡರಾಗಿ ತೆರೆದು ನೋಡಿ. ಸೆಟಪ್ ಕಟ್ಟುವ ಸಾಧನವಾದ ಇನ್‌ಸ್ಟಾಲ್‌ಶೀಲ್ಡ್‌ನ 3ನೇ ಆವೃತ್ತಿಯಲ್ಲಿ ಕಟ್ಟಿದ್ದಾದರೆ ಒಳಗೆ ಸೆಟಪ್ ಡಾಟ್ ಇಎಕ್ಸ್‌ಇ ಜೊತೆಗೆ ಸೆಟಪ್ ಡಾಟ್ ಐಎನ್‌ಎಸ್ ಎಂಬ ಇನ್ನೊಂದು ಕಡತವಿರುತ್ತದೆ. ಯಾವ ಕಡತ ಎಲ್ಲಿಗೆ ಹೋಗಬೇಕು, ಯಾವಾಗ ಏನು ಕೇಳಬೇಕು ಎಂಬ ಸೂಚನಾಪಟ್ಟಿ ಅದು. ಅದರ ಪಕ್ಕದಲ್ಲೇ ಅಂಡರ್‌ಸ್ಕೋರಿನಿಂದ ಶುರುವಾಗಿ ಅಂಡರ್‌ಸ್ಕೋರಿನಲ್ಲೇ ಮುಗಿಯುವ ಒಂದು ಹೆಸರು: _ಐಎನ್‌ಎಸ್‌ಟಿ32ಐ ಡಾಟ್ ಇಎಕ್ಸ್_. ನಿಜವಾದ ಕೆಲಸಗಾರ ಇರುವುದು ಇದರೊಳಗೆ, ಕುಗ್ಗಿಸಿ ಇಟ್ಟ ಸ್ಥಿತಿಯಲ್ಲಿ. ಹೆಸರಲ್ಲೇ ಇರುವಂತೆ ಅದು 32-ಬಿಟ್. ನಾವು ಕ್ಲಿಕ್ ಮಾಡುವ ಸೆಟಪ್‌ಗೆ ಇರುವ ಕೆಲಸ ಅದನ್ನು ಬಿಚ್ಚಿ ಎಬ್ಬಿಸುವುದು ಮಾತ್ರ. ಆ ಪುಟ್ಟ ಸೆಟಪ್ಪೇ 16-ಬಿಟ್. ಅಂದರೆ ಒಳಗಿನ ಪ್ರೋಗ್ರಾಂ 32-ಬಿಟ್, ಅದನ್ನು ಜೋಡಿಸುವ ಎಂಜಿನ್ 32-ಬಿಟ್, ಬಾಗಿಲಲ್ಲಿ ನಿಂತವನೊಬ್ಬ 16-ಬಿಟ್. 32-ಬಿಟ್ ಪ್ರೋಗ್ರಾಂಗಳನ್ನು ವಿಂಡೋಸ್ 11 ಇವತ್ತಿಗೂ ಓಡಿಸುತ್ತದೆ. ಆದರೂ ಆ ಬಾಗಿಲಲ್ಲಿನವನೊಬ್ಬನಿಂದಾಗಿ ಇಡೀ ಸಿ.ಡಿ. ಕಸದ ಬುಟ್ಟಿಗೆ ಹೋಗುತ್ತದೆ.

ಅವನನ್ನು 16-ಬಿಟ್ ಆಗಿ ಇಟ್ಟದ್ದು ಯಾಕೆ? ಸೋಮಾರಿತನ ಎನ್ನುವವರಿದ್ದಾರೆ. ಆ ಕಾಲಕ್ಕೆ ಹೋಗಿ ನೋಡಿದರೆ ಅದರಲ್ಲಿ ಬುದ್ಧಿವಂತಿಕೆಯೇ ಕಾಣುತ್ತದೆ. 1995ರ ನಂತರದ ಕೆಲವು ವರ್ಷ ಒಂದೇ ಊರಿನ ಕಂಪ್ಯೂಟರುಗಳಲ್ಲಿ ವಿಂಡೋಸ್ 3.1, ವಿಂಡೋಸ್ 95, ವಿಂಡೋಸ್ ಎನ್‌ಟಿ ಮೂರೂ ಇದ್ದವು. ಎನ್‌ಟಿಯಂತೂ ಇಂಟೆಲ್ ಅಲ್ಲದೆ ಆಲ್ಫಾ, ಮಿಪ್ಸ್ ಪ್ರೊಸೆಸರುಗಳ ಮೇಲೂ ಓಡುತ್ತಿತ್ತು. 32-ಬಿಟ್ ಸೆಟಪ್ಪನ್ನು 3.1ಗೆ ಕೊಟ್ಟರೆ ಅದು ಗೊತ್ತಾಗದೆ ಮುಗ್ಗರಿಸುತ್ತದೆ. ಇಂಟೆಲ್‌ಗೆ ಮಾಡಿದ 32-ಬಿಟ್ ಸೆಟಪ್ಪನ್ನು ಆಲ್ಫಾ ಯಂತ್ರ ಹಾಗೆಯೇ ತೆಗೆದುಕೊಳ್ಳದು. 16-ಬಿಟ್ ಪ್ರೋಗ್ರಾಂ ಮಾತ್ರ ಎಲ್ಲ ಕಡೆಯೂ ಓಡುತ್ತಿತ್ತು. ಆಲ್ಫಾ, ಮಿಪ್ಸ್ ಮೇಲಿನ ಎನ್‌ಟಿಯಲ್ಲೂ ಅದನ್ನು ಅನುಕರಿಸಿ ಓಡಿಸುವ ವ್ಯವಸ್ಥೆ ಇತ್ತು. ಹಾಗಾಗಿ ಮೊದಲು ಎದ್ದು, ಇದು ಯಾವ ಯಂತ್ರ ಎಂದು ನೋಡಿ, ತಕ್ಕ ಎಂಜಿನ್ನನ್ನು ಕರೆಯಲು ಅಥವಾ "ನಿಮಗೆ ವಿಂಡೋಸ್ 95 ಬೇಕಾಗುತ್ತದೆ" ಎಂದು ಮರ್ಯಾದೆಯಿಂದ ತಿಳಿಸಲು 16-ಬಿಟ್ಟೇ ಸರಿಯಾಗಿತ್ತು. ಎಲ್ಲೆಡೆ ಸಲ್ಲುವ ಗುಣಕ್ಕಾಗಿ ಆಯ್ದದ್ದೇ ಇವತ್ತು ಎಲ್ಲೂ ಸಲ್ಲದಂತಾಗಿದೆ. ತಂತ್ರಾಂಶದ ಚರಿತ್ರೆ ಬರೆಯುವವರು ಗೆದ್ದ ಕಂಪನಿಗಳ ಕಥೆ ಬಿಟ್ಟು ಇಂಥದನ್ನು ಸ್ವಲ್ಪ ಬರೆದಿದ್ದರೆ ಓದುವವರಿಗೂ ಒಳ್ಳೆಯದಿತ್ತು.

ಇನ್ನು ಪ್ರೊಸೆಸರಿನ ವಿಷಯ. 64-ಬಿಟ್ ಪ್ರೊಸೆಸರ್ 16-ಬಿಟ್ಟನ್ನು ಮರೆತಿದೆ ಎಂಬುದು ಅರ್ಧ ಸತ್ಯ. 2003ರಲ್ಲಿ ಎಎಂಡಿ ತಂದ, ಆಮೇಲೆ ಇಂಟೆಲ್ ಕೂಡ ಒಪ್ಪಿಕೊಂಡ ವಿನ್ಯಾಸದಲ್ಲಿ, 64-ಬಿಟ್ ಕಾರ್ಯವ್ಯವಸ್ಥೆ ನಡೆಯುತ್ತಿರುವಾಗ ಡಾಸ್ ಪ್ರೋಗ್ರಾಂಗಳಿಗೆ ಬೇಕಾದ ವರ್ಚುವಲ್ 8086 ಎಂಬ ಅವಸ್ಥೆ ಸಿಗುವುದಿಲ್ಲ, ನಿಜ. ಆದರೆ ವಿಂಡೋಸ್ 3.1ರ ಪ್ರೋಗ್ರಾಂಗಳು ಬಳಸುತ್ತಿದ್ದ 16-ಬಿಟ್ ಪ್ರೊಟೆಕ್ಟೆಡ್ ಮೋಡ್ ಈಗಲೂ ಆ ಚಿಪ್ಪಿನಲ್ಲಿದೆ. ಇದೇ ಚಿಪ್ಪಿನ ಮೇಲೆ 64-ಬಿಟ್ ಲಿನಕ್ಸ್ ಹಾಕಿ, 1993ರಿಂದ ಬೆಳೆದುಬಂದ ವೈನ್ ಎಂಬ ತಂತ್ರಾಂಶದ ಮೂಲಕ ಆ 16-ಬಿಟ್ ಸೆಟಪ್ಪನ್ನು ಓಡಿಸಬಹುದು. ವಿಂಡೋಸಿನ ಹಳೆಯ ಪ್ರೋಗ್ರಾಂ ಇವತ್ತಿನ ವಿಂಡೋಸಿನಲ್ಲಿ ಓಡದೆ ಲಿನಕ್ಸಿನಲ್ಲಿ ಓಡುವ ತಮಾಷೆ ಇದು. ಅಡ್ಡಿ ಯಂತ್ರದ್ದಾಗಿದ್ದರೆ ಹೀಗಾಗುತ್ತಿರಲಿಲ್ಲ.

ಮೈಕ್ರೋಸಾಫ್ಟ್ ತನ್ನ ದಾಖಲೆಯಲ್ಲಿ ಕೊಡುವ ಮುಖ್ಯ ಕಾರಣವೂ ಪ್ರೊಸೆಸರಿನದಲ್ಲ. ಕಿಟಕಿ, ಮೆನು, ಕಡತ ಮುಂತಾದವನ್ನು ಗುರುತಿಸಲು ವಿಂಡೋಸ್ ಹ್ಯಾಂಡಲ್ ಎಂಬ ಸಂಖ್ಯೆಗಳನ್ನು ಕೊಡುತ್ತದೆ. 64-ಬಿಟ್ ವಿಂಡೋಸಿನಲ್ಲಿ ಅವುಗಳ 32 ಬಿಟ್‌ಗಳೂ ಅರ್ಥವುಳ್ಳವು. ಕತ್ತರಿಸಿ 16-ಬಿಟ್ ಪ್ರೋಗ್ರಾಂ ಕೈಗೆ ಕೊಟ್ಟರೆ ಮಾಹಿತಿ ನಷ್ಟವಾಗುತ್ತದೆ. ಒಪ್ಪತಕ್ಕ ಕಾರಣವೇ. ಆದರೆ ಇದು ಒಂದು ಕಂಪನಿ ತನ್ನ ಲೆಕ್ಕಾಚಾರದಲ್ಲಿ ತೆಗೆದುಕೊಂಡ ತೀರ್ಮಾನ. ಅದನ್ನು ನಾವು ಕಾಲಧರ್ಮ ಎಂದು ಕರೆಯುವ ಅಗತ್ಯವಿಲ್ಲ. ವೈನ್‌ನ ಸಂಕೇತವನ್ನೂ ಒಂದು ಪ್ರೊಸೆಸರ್ ಅನುಕರಣೆಯನ್ನೂ ಜೋಡಿಸಿ ಹವ್ಯಾಸಿಗಳು ಕಟ್ಟಿದ ವೈನ್‌ವಿಡಿಎಂ ಎಂಬ ಸಾಧನ 64-ಬಿಟ್ ವಿಂಡೋಸಿನಲ್ಲೇ 16-ಬಿಟ್ ಪ್ರೋಗ್ರಾಂಗಳನ್ನು ಓಡಿಸುತ್ತದೆ.

ಇದಕ್ಕಿಂತ ಗಟ್ಟಿಯಾದ ಸಾಕ್ಷಿ ವಿಂಡೋಸಿನ ಒಳಗೇ ಇದೆ. ರಿಜಿಸ್ಟ್ರಿಯಲ್ಲಿ ಎನ್‌ಟಿವಿಡಿಎಂ64 ಎಂಬ ಹೆಸರಿನ ಕೆಳಗೆ ಒಂದು ಪಟ್ಟಿ. ನೀವು ಕ್ಲಿಕ್ ಮಾಡಿದ 16-ಬಿಟ್ ಸೆಟಪ್, ಮೈಕ್ರೋಸಾಫ್ಟಿನ ಸ್ವಂತ ಆಕ್ಮೆ ಸೆಟಪ್ ಆಗಿದ್ದರೆ ಅಥವಾ ಇನ್‌ಸ್ಟಾಲ್‌ಶೀಲ್ಡ್‌ನ 5ನೇ ಆವೃತ್ತಿಯದ್ದಾಗಿದ್ದರೆ, ವಿಂಡೋಸ್ ಅದನ್ನು ಗುರುತಿಸಿ, ಸದ್ದಿಲ್ಲದೆ ಪಕ್ಕಕ್ಕೆ ಸರಿಸಿ, ತನ್ನ ಬಳಿಯಿರುವ 32-ಬಿಟ್ ಸೆಟಪ್ಪನ್ನು ಆ ಜಾಗದಲ್ಲಿ ಓಡಿಸುತ್ತದೆ. ಸೂಚನಾಪಟ್ಟಿ ಹಳೆಯದೇ, ಕಡತಗಳು ಹಳೆಯವೇ, ಬದಲಾದದ್ದು ಬಾಗಿಲಲ್ಲಿ ನಿಂತವನು ಮಾತ್ರ. ತೊಂದರೆ ಎಲ್ಲಿದೆ ಎಂಬುದು ವಿಂಡೋಸ್ ಮಾಡಿದವರಿಗೆ ಚೆನ್ನಾಗಿ ಗೊತ್ತಿತ್ತು ಎಂದಾಯಿತು. ಪಟ್ಟಿಯಲ್ಲಿ ಹೆಸರಿರುವ ಸಿ.ಡಿ. ಬದುಕಿತು, ಇಲ್ಲದ್ದು "ಹಳೇದು ಸಾರ್" ಆಯಿತು. ಎರಡೂ ಒಂದೇ ವರ್ಷದವಾಗಿರಬಹುದು.

ಎದುರು ವಾದದಲ್ಲಿ ನಿಜಕ್ಕೂ ತೂಕವಿರುವುದು ಸುರಕ್ಷತೆಯ ಮಾತಿಗೆ. 2010ರ ಜನವರಿಯಲ್ಲಿ ಸಂಶೋಧಕ ಟ್ಯಾವಿಸ್ ಓರ್ಮಂಡಿ, 16-ಬಿಟ್ ಪ್ರೋಗ್ರಾಂಗಳಿಗಾಗಿ ವಿಂಡೋಸ್ ಇಟ್ಟುಕೊಂಡಿದ್ದ ವ್ಯವಸ್ಥೆಯಲ್ಲಿ ಒಂದು ತೂತನ್ನು ಬಯಲಿಗೆ ತಂದರು. ಸಾಮಾನ್ಯ ಬಳಕೆದಾರನೊಬ್ಬ ಅದರ ಮೂಲಕ ಇಡೀ ಯಂತ್ರದ ಯಜಮಾನಿಕೆ ಹಿಡಿಯಬಹುದಿತ್ತು. 1993ರ ಎನ್‌ಟಿ 3.1ರಿಂದಲೇ ಇದ್ದ ತೂತು, ಹದಿನೇಳು ವರ್ಷ ಯಾರ ಕಣ್ಣಿಗೂ ಬಿದ್ದಿರಲಿಲ್ಲ. 64-ಬಿಟ್ ವಿಂಡೋಸಿಗೆ ಅದರ ಬಾಧೆಯಿರಲಿಲ್ಲ, ಏಕೆಂದರೆ ಆ ವ್ಯವಸ್ಥೆಯೇ ಅಲ್ಲಿರಲಿಲ್ಲ. ಲಿನಕ್ಸಿನವರೂ 2014ರಲ್ಲಿ ಇಂಥದ್ದೇ ಭಯಕ್ಕೆ, ಕರ್ನಲ್ಲಿನ ಗುಟ್ಟು ಸೋರುತ್ತದೆಂದು, 64-ಬಿಟ್ ಕರ್ನಲ್ಲಿನಲ್ಲಿ 16-ಬಿಟ್ ದಾರಿಯನ್ನು ಮುಚ್ಚಿದರು. ವೈನ್ ಬಳಸುವವರು ಗಲಾಟೆ ಮಾಡಿದರು. ಕೆಲವು ತಿಂಗಳಲ್ಲಿ ಸೋರಿಕೆಗೆ ತೇಪೆ ಹಾಕಿ ದಾರಿಯನ್ನು ಮತ್ತೆ ತೆರೆದರು. ಒಂದೇ ಬಗೆಯ ಅಪಾಯಕ್ಕೆ ಎರಡು ಬಗೆಯ ಉತ್ತರ. ಎರಡನ್ನೂ ಸಮರ್ಥಿಸಬಹುದು. ಬ್ಯಾಂಕಿನ ಕಂಪ್ಯೂಟರಿನಲ್ಲಿ ಆ ದಾರಿ ಮುಚ್ಚಿರುವುದೇ ಮೇಲು ಎಂದು ನಾನೂ ಹೇಳುತ್ತೇನೆ. ಆದರೆ ಇದು ಬಾಗಿಲು ಮುಚ್ಚಲು ಕಾರಣವಾಯಿತೇ ಹೊರತು ಒಳಗಿನ 32-ಬಿಟ್ ಪ್ರೋಗ್ರಾಂ ಸತ್ತಿದೆ ಎಂಬುದಕ್ಕೆ ಪುರಾವೆಯಾಗಲಿಲ್ಲ.

ಬಾಗಿಲು ದಾಟಿದರೂ ಹಳೆಯ ಇನ್‌ಸ್ಟಾಲರುಗಳ ರಗಳೆ ತೀರುವುದಿಲ್ಲ. ಅವು ಪ್ರಶ್ನೆ ಕೇಳುತ್ತವೆ, ಉತ್ತರವನ್ನು ತಪ್ಪಾಗಿ ಓದಿಕೊಳ್ಳುತ್ತವೆ. ಡಿಸ್ಕಿನಲ್ಲಿ ಎಷ್ಟು ಜಾಗವಿದೆ ಎಂದು ಕೇಳಿ ಬಂದ ಲೆಕ್ಕವನ್ನು 32-ಬಿಟ್ ಡಬ್ಬಿಯಲ್ಲಿ ಗುಣಿಸುವ ಸೆಟಪ್‌ಗೆ 4 ಜಿ.ಬಿ. ತುಂಬುತ್ತಲೇ ಲೆಕ್ಕ ಮತ್ತೆ ಸೊನ್ನೆಗೆ ಬರುತ್ತದೆ. ನಿಮ್ಮ ಡಿಸ್ಕಿನಲ್ಲಿ 400 ಜಿ.ಬಿ.ಯ ಮೇಲೆ 30 ಎಂ.ಬಿ. ಖಾಲಿಯಿದೆ ಎನ್ನೋಣ. 400 ಎಂಬುದು 4ರಿಂದ ನಿಶ್ಶೇಷವಾಗಿ ಭಾಗವಾಗುವುದರಿಂದ ಸೆಟಪ್‌ಗೆ ಕಾಣುವುದು ಆ 30 ಎಂ.ಬಿ. ಮಾತ್ರ. 60 ಎಂ.ಬಿ. ಬೇಕಿತ್ತು, ಜಾಗ ಸಾಲದು ಎಂದು ಅದು ಕೈಯೆತ್ತುತ್ತದೆ. 403 ಜಿ.ಬಿ. ಖಾಲಿಯಿದ್ದರೆ ಇನ್ನೂ ಮಜಾ. ಋಣ ಸಂಖ್ಯೆಗಳನ್ನೂ ಎಣಿಸುವ ಬಗೆಯ ಡಬ್ಬಿಯಾದರೆ ನಿಮ್ಮ ಡಿಸ್ಕಿನಲ್ಲಿ ಮೈನಸ್ ಒಂದು ಜಿ.ಬಿ. ಜಾಗವಿದೆ ಎಂದು ಅದು ತಿಳಿಯುತ್ತದೆ. ಇದಕ್ಕೆ ಬಲ್ಲವರು ಮಾಡುವ ಮದ್ದು ಕೇಳಿದರೆ ನಗು ಬರುತ್ತದೆ: ಒಂದೆರಡು ಜಿ.ಬಿ.ಯ ಯಾವುದಾದರೂ ಕಡತವನ್ನು ಡಿಸ್ಕಿಗೆ ನಕಲು ಮಾಡಿ ಜಾಗ ಕಡಿಮೆ ಮಾಡುವುದು. ಜಾಗ ಕಡಿಮೆಯಾದ ಮೇಲೆ ಸೆಟಪ್‌ಗೆ ಜಾಗ ಸಾಕಾಗುತ್ತದೆ! ಮೆಮೊರಿಯದೂ ಹೀಗೇ. ಹಳೆಯ ವಿಧಾನದಲ್ಲಿ ಕೇಳಿದರೆ 4 ಜಿ.ಬಿ. ಮೀರಿದ ಯಂತ್ರದಲ್ಲಿ ಮೈನಸ್ ಒಂದು ಎಂಬ ಉತ್ತರ ಬರಬಹುದು. ಕನಿಷ್ಠ 16 ಎಂ.ಬಿ. ಬೇಕು ಎಂದು ಹಟ ಹಿಡಿದ ಸೆಟಪ್ 16 ಜಿ.ಬಿ.ಯ ಯಂತ್ರವನ್ನು ಬಡವ ಎಂದು ಹೊರಗೆ ಕಳಿಸುತ್ತದೆ.

ಆವೃತ್ತಿ ಸಂಖ್ಯೆಯ ತಪಾಸಣೆಯಂತೂ ಮೊದಲಿನಿಂದಲೂ ಎಡವಟ್ಟೇ. ವಿಂಡೋಸ್ 95 ತನ್ನನ್ನು 4.0 ಎಂದು ಕರೆದುಕೊಂಡರೆ 16-ಬಿಟ್ ಪ್ರೋಗ್ರಾಂಗಳು ಗಾಬರಿಯಾಗುತ್ತವೆಂದು ಅವುಗಳಿಗೆ 3.95 ಎಂದು ಹೇಳಿಕೊಳ್ಳುವಂತೆ ಅದನ್ನು ಮಾಡಲಾಗಿತ್ತು. ಈಗ ಎಲ್ಲರೂ ಮೊದಲ ಚಿಕಿತ್ಸೆಯೆಂದು ಹೇಳಿಕೊಡುವ ಕಂಪ್ಯಾಟಿಬಿಲಿಟಿ ಮೋಡ್ ಹೆಚ್ಚಾಗಿ ಇದೇ ಕೆಲಸವನ್ನು ಮಾಡುತ್ತದೆ. ನಾನು ವಿಂಡೋಸ್ 98, ನಾನು ಎಕ್ಸ್‌ಪಿ ಎಂದು ಪ್ರೋಗ್ರಾಂ ಕಿವಿಯಲ್ಲಿ ಸುಳ್ಳು ಹೇಳುತ್ತದೆ, ಜೊತೆಗೆ ಒಂದಷ್ಟು ತೇಪೆ ಹಾಕುತ್ತದೆ. ಆವೃತ್ತಿ ನೋಡಿ ಮುನಿಸಿಕೊಳ್ಳುವ ಸೆಟಪ್‌ಗೆ ಇದು ನಾಟುತ್ತದೆ. 16-ಬಿಟ್ ಸೆಟಪ್ಪಿಗೆ ಏನೂ ಆಗುವುದಿಲ್ಲ. ಹಾಗಿದ್ದೂ ಬಲಕ್ಲಿಕ್, ಪ್ರಾಪರ್ಟೀಸ್, ಟಿಕ್, ಅಡ್ಮಿನಿಸ್ಟ್ರೇಟರ್ ಎಂದು ಮಂತ್ರದ ಹಾಗೆ ಪಠಿಸಿ, ಫಲ ಸಿಗದಿದ್ದಾಗ ತಂತ್ರಾಂಶವೇ ಸರಿಯಿಲ್ಲ ಎಂದು ಎದ್ದುಹೋಗುವ ಪದ್ಧತಿ ಬೆಳೆದಿದೆ. ರೋಗ ಯಾವುದೆಂದು ನೋಡದೆ ಕೊಡುವ ಔಷಧದ ಮೇಲೆ ನನಗೆ ನಂಬಿಕೆಯಿಲ್ಲ.

ನನ್ನ ವಾದ ಇಷ್ಟು: ಸೆಟಪ್ಪನ್ನು ಹೇಗಾದರೂ ಓಡಿಸಬೇಕು ಎಂಬ ಗುರಿಯೇ ಹಲವು ಸಲ ತಪ್ಪು. ಅದನ್ನು ಬಿಚ್ಚಬೇಕು. ಅಂಡರ್‌ಸ್ಕೋರಿನಲ್ಲಿ ಕೊನೆಯಾಗುವ ಹೆಸರಿನ ಹಳೆಯ ಮೈಕ್ರೋಸಾಫ್ಟ್ ಕಡತಗಳನ್ನು ವಿಂಡೋಸಿನೊಂದಿಗೇ ಬರುವ ಎಕ್ಸ್‌ಪ್ಯಾಂಡ್ ಆದೇಶ ಬಿಚ್ಚುತ್ತದೆ. ಕ್ಯಾಬ್ ಕಡತಗಳಿಗೂ ಹಲವು ಬಗೆಯ ಸೆಟಪ್‌ಗಳಿಗೂ ಪುಕ್ಕಟೆಯ ಸೆವೆನ್-ಜಿಪ್ ಸಾಕು. ಇನ್‌ಸ್ಟಾಲ್‌ಶೀಲ್ಡ್‌ನ ಕ್ಯಾಬ್‌ಗಳಿಗೆ ಅನ್‌ಶೀಲ್ಡ್, ಇನ್ನೋ ಸೆಟಪ್‌ಗೆ ಇನ್ನೋಎಕ್ಸ್‌ಟ್ರ್ಯಾಕ್ಟ್ ಇವೆ. ಬಿಚ್ಚಿದ ಕಡತಗಳನ್ನು ಒಂದು ಫೋಲ್ಡರಿನಲ್ಲಿ ಹಾಕಿ ಮುಖ್ಯ ಪ್ರೋಗ್ರಾಂ ಮೇಲೆ ಕ್ಲಿಕ್ ಮಾಡಿದರೆ ಎಷ್ಟೋ ಸಲ ಅದು ಏನೂ ಆಗದವರ ಹಾಗೆ ಎದ್ದು ಕೂರುತ್ತದೆ. ಇಲ್ಲದಿದ್ದರೆ ಇಂಥ ಡಿಎಲ್‌ಎಲ್ ಇಲ್ಲ ಎಂದು ಹೆಸರು ಹಿಡಿದು ದೂರುತ್ತದೆ. ಅದನ್ನೂ ಅದೇ ಸಿ.ಡಿ.ಯಲ್ಲಿ ಹುಡುಕಿ ಪಕ್ಕದಲ್ಲಿಟ್ಟರಾಯಿತು. ವಿಷುವಲ್ ಬೇಸಿಕ್ 6ರಲ್ಲಿ ಬರೆದ ಪ್ರೋಗ್ರಾಂಗಳಿಗೆ ಬೇಕಾದ ರನ್‌ಟೈಮನ್ನು ವಿಂಡೋಸ್ ಇವತ್ತಿಗೂ ತನ್ನ ಜೊತೆಗೇ ತರುತ್ತಿದೆ. ಆ ಭಾಷೆ ಬಂದದ್ದು 1998ರಲ್ಲಿ. ಅಂಗಡಿ, ಸಹಕಾರ ಸಂಘ, ಶಾಲೆಗಳ ಲೆಕ್ಕಕ್ಕೆಂದು ಆಗ ಊರೂರಲ್ಲಿ ಅದರಲ್ಲಿ ಬರೆದುಕೊಟ್ಟದ್ದೆಲ್ಲ ಸತ್ತುಹೋಗಿದೆ ಎಂದು ನೋಡದೆಯೇ ಹೇಳುವವರಿಗೆ ಇದು ಗೊತ್ತಿರುವಂತೆ ಕಾಣುವುದಿಲ್ಲ.

ನಂಬಿಕೆ ಬಾರದಿದ್ದರೆ ಎಕ್ಸ್‌ಪಿಯಲ್ಲಿದ್ದ ಪಿನ್‌ಬಾಲ್ ಆಟವನ್ನು ನೆನಪಿಸಿಕೊಳ್ಳಿ. 1995ರಲ್ಲಿ ಬಂದ ಆಟ. 64-ಬಿಟ್ಟಿಗೆ ಬದಲಿಸಲು ಹೋದಾಗ ಚೆಂಡು ಅಡ್ಡಿಗಳೊಳಗಿಂದಲೇ ತೂರಿಹೋಗುತ್ತಿತ್ತೆಂದೂ, ಅದಕ್ಕೇ ವಿಸ್ಟಾದಲ್ಲಿ ಅದನ್ನು ಕೈಬಿಟ್ಟರೆಂದೂ ಮೈಕ್ರೋಸಾಫ್ಟಿನ ರೇಮಂಡ್ ಚೆನ್ ಬರೆದಿದ್ದಾರೆ. ಆದರೆ ಎಕ್ಸ್‌ಪಿಯ ಆ 32-ಬಿಟ್ ಫೋಲ್ಡರನ್ನು ಹಾಗೆಯೇ ಎತ್ತಿ ವಿಂಡೋಸ್ 11ಕ್ಕೆ ಹಾಕಿದರೆ ಆಟ ಆಡುತ್ತದೆ. ಸೆಟಪ್ಪೂ ಬೇಡ, ಮಂತ್ರವೂ ಬೇಡ.

ಕನ್ನಡದವರಿಗೆ ಇದರಲ್ಲಿ ಆಟಕ್ಕಿಂತ ದೊಡ್ಡ ಲಾಭವಿದೆ. ಯೂನಿಕೋಡ್ ಬಳಕೆಗೆ ಬರುವ ಮುಂಚೆ ನುಡಿ, ಬರಹ, ಶ್ರೀಲಿಪಿಗಳಲ್ಲಿ ಕಂಪೋಸ್ ಮಾಡಿದ ಪುಸ್ತಕಗಳಿಗೆ, ಸ್ಮರಣಸಂಚಿಕೆಗಳಿಗೆ ಲೆಕ್ಕವಿಲ್ಲ. ಆ ಕಡತಗಳಲ್ಲಿರುವುದು ಕನ್ನಡ ಅಕ್ಷರಗಳಲ್ಲ, ಅಂಕಿಗಳು. ಯಾವ ಅಂಕಿಗೆ ಯಾವ ಆಕಾರ ಎಂಬುದು ಆ ತಂತ್ರಾಂಶದ ಫಾಂಟಿನೊಳಗೆ ಇರುತ್ತದೆ. ಫಾಂಟ್ ಇಲ್ಲದೆ ತೆರೆದರೆ ಪುಟದ ತುಂಬ ಲ್ಯಾಟಿನ್ ಅಕ್ಷರಗಳ ಚೆಲ್ಲಾಪಿಲ್ಲಿ. ಹಳೆಯ ಸಿ.ಡಿ. ಓಡಲಿಲ್ಲ, ಇನ್ನು ಆ ಪುಸ್ತಕ ಹೋದ ಹಾಗೆಯೇ ಎಂದು ಕೈಚೆಲ್ಲಿದವರನ್ನು ಮುದ್ರಣಾಲಯಗಳಲ್ಲಿ ಕಂಡಿದ್ದೇನೆ. ಅವರಿಗೆ ಬೇಕಿದ್ದದ್ದು ತಂತ್ರಾಂಶವಲ್ಲ, ಅದರ ಹೊಟ್ಟೆಯಲ್ಲಿರುವ ಟಿಟಿಎಫ್ ಕಡತ ಮಾತ್ರ. ಟ್ರೂಟೈಪ್ 1990ರ ದಶಕದ ಮೊದಲಿನಿಂದ ಇರುವ ಮಾದರಿ, ಇವತ್ತಿನ ವಿಂಡೋಸೂ ಲಿನಕ್ಸೂ ಅದನ್ನು ಓದುತ್ತವೆ. ಸೆಟಪ್ಪನ್ನು ಬಿಚ್ಚಿ ಆ ಫಾಂಟನ್ನು ಹೊರಗೆಳೆದರೆ ಪುಟ ಮತ್ತೆ ಕನ್ನಡವಾಗುತ್ತದೆ. ಆಮೇಲೆ ಯೂನಿಕೋಡಿಗೆ ತಿರುಗಿಸುವ ಪರಿವರ್ತಕಗಳಿವೆ. ಒತ್ತಕ್ಷರ, ಅರ್ಕಾವತ್ತುಗಳಲ್ಲಿ ಅವು ಎಡವುವುದುಂಟು, ಕುಳಿತು ತಿದ್ದಬೇಕು. ಅದು ಬೇರೆ ಕೆಲಸ.

ಇಲ್ಲಿ ಇನ್ನೊಂದು ಬಳಗದವರು ಬಾಯಿ ಹಾಕುತ್ತಾರೆ. ಇಷ್ಟೆಲ್ಲ ಯಾಕೆ, ವರ್ಚುವಲ್ ಮಷೀನಿನಲ್ಲಿ ಎಕ್ಸ್‌ಪಿ ಹಾಕಿ, ಸೆಟಪ್ಪನ್ನು ಅದರೊಳಗೆ ಓಡಿಸಿ ಎನ್ನುತ್ತಾರೆ. ಡಾಸ್ ಕಾಲದ್ದಕ್ಕೆ ಇದು ಸರಿ. 2002ರಿಂದ ಇರುವ ಡಾಸ್‌ಬಾಕ್ಸ್ ಆ ಕೆಲಸವನ್ನು ಸೊಗಸಾಗಿ ಮಾಡುತ್ತದೆ, ಇಂಟರ್ನೆಟ್ ಆರ್ಕೈವ್ ಅಂತೂ ಡಾಸ್ ಆಟಗಳನ್ನೂ ವಿಂಡೋಸ್ 3.1ರ ಪ್ರೋಗ್ರಾಂಗಳನ್ನೂ ಬ್ರೌಸರಿನಲ್ಲೇ ಆಡಿಸಿ ತೋರಿಸಿದೆ. ನೀಲಿ ಹಿನ್ನೆಲೆಯಲ್ಲಿ ಪಟ್ಟಿ ತುಂಬುತ್ತ ಹೋಗುವ ಆ ಹಳೆಯ ಸೆಟಪ್ ಪರದೆಯೂ ಚರಿತ್ರೆಯ ವಸ್ತು, ಅದನ್ನು ಹಾಗೆಯೇ ನೋಡಬೇಕು ಎನ್ನುವ ಸಂಗ್ರಹಾಲಯದವರ ಮಾತೂ ನನಗೆ ಅರ್ಥವಾಗುತ್ತದೆ. ಆದರೆ ದಿನಬಳಕೆಯವರಿಗೆ ಈ ಸಲಹೆ ಹೊಸ ಹೊರೆ. ಒಂದು ಪ್ರೋಗ್ರಾಂಗಾಗಿ ಇಡೀ ಕಾರ್ಯವ್ಯವಸ್ಥೆಯನ್ನು ಸಾಕಬೇಕು. ಅದೂ 2014ರ ಏಪ್ರಿಲ್‌ನಲ್ಲಿ ಸುರಕ್ಷತಾ ತೇಪೆಗಳು ನಿಂತುಹೋದ ವ್ಯವಸ್ಥೆಯನ್ನು. ಅದಕ್ಕೆ ಲೈಸೆನ್ಸ್ ಬೇಕು, ಪ್ರಿಂಟರ್ ಜೋಡಿಸಬೇಕು, ಕಡತ ಒಳಗೆ ಹೊರಗೆ ಸಾಗಿಸಬೇಕು. ಇಷ್ಟೆಲ್ಲ ಮಾಡಿ ಒಳಗೆ ಕೂರಿಸುವ ಪ್ರೋಗ್ರಾಂ ಹೊರಗೇ ಓಡುತ್ತಿತ್ತೇನೋ ಎಂದು ಯಾರೂ ನೋಡಿರುವುದಿಲ್ಲ.

ನಿಜವಾಗಿ ಸತ್ತವೂ ಇವೆ, ಅವನ್ನು ಬದುಕಿದ್ದಾವೆ ಎಂದು ವಾದಿಸುವುದಿಲ್ಲ. ಹಳೆಯ ಸ್ಕ್ಯಾನರಿನ ಡ್ರೈವರನ್ನು ಬಿಚ್ಚಿದರೂ ಪ್ರಯೋಜನವಿಲ್ಲ. 64-ಬಿಟ್ ಕರ್ನಲ್ಲಿಗೆ 64-ಬಿಟ್ ಡ್ರೈವರೇ ಬೇಕು. ಪ್ಯಾರಲಲ್ ಪೋರ್ಟಿಗೆ ಸಿಕ್ಕಿಸುವ ಬೀಗವಿದ್ದರೆ ಓಡುತ್ತಿದ್ದ ಡಿಟಿಪಿ ತಂತ್ರಾಂಶಗಳಿಗೂ ಅದೇ ಗತಿ, ಆ ಪೋರ್ಟೇ ಈಗ ಲ್ಯಾಪ್‌ಟಾಪಿನಲ್ಲಿಲ್ಲ. ಸೇಫ್‌ಡಿಸ್ಕ್ ಎಂಬ ನಕಲು-ತಡೆ ಇದ್ದ ಆಟಗಳದ್ದು ಇನ್ನೂ ಪಾಪ. ಅದರ ಡ್ರೈವರ್ ಸುರಕ್ಷತೆಗೆ ಕುತ್ತು ಎಂದು 2015ರ ವಿಂಡೋಸ್ 10ರಲ್ಲಿ ಅದನ್ನು ಸೇರಿಸಲೇ ಇಲ್ಲ. ಅದೇ ವರ್ಷದ ಸೆಪ್ಟೆಂಬರಿನ ಒಂದು ಅಪ್‌ಡೇಟ್ ಹಿಂದಿನ ವಿಂಡೋಸ್‌ಗಳಲ್ಲೂ ಅದನ್ನು ನಿಲ್ಲಿಸಿತು. ದುಡ್ಡು ಕೊಟ್ಟು ಕೊಂಡವರ ಸಿ.ಡಿ. ನಿಂತಿತು, ಕಳ್ಳ ಪ್ರತಿ ಇಟ್ಟುಕೊಂಡವರ ಆಟ ನಡೆದೇ ಇತ್ತು. ಆದರೆ ಈ ಯಾವ ಸಾವಿಗೂ ವಯಸ್ಸು ಕಾರಣವಲ್ಲ ಎಂಬುದನ್ನು ಗಮನಿಸಬೇಕು. ಇವೆಲ್ಲ ಪ್ರೋಗ್ರಾಮಿನ ಕೆಲಸಕ್ಕೆ ಬೇಕಿಲ್ಲದೆ ಅದರ ಕೊರಳಿಗೆ ಕಟ್ಟಿದ್ದ ವಸ್ತುಗಳಿಂದ ಅಥವಾ ಅದು ನಂಬಿದ್ದ ಯಂತ್ರಭಾಗದಿಂದ ಬಂದ ಸಾವು.

ಬಿಚ್ಚುವುದು ಕಾನೂನಿಗೆ ಒಪ್ಪಿತವೇ ಎಂಬ ಅಳುಕಿನಿಂದ ಹಿಂದೆ ಸರಿಯುವವರೂ ಇದ್ದಾರೆ. ನಮ್ಮ 1957ರ ಕೃತಿಸ್ವಾಮ್ಯ ಕಾಯ್ದೆಯ 52ನೇ ಕಲಮಿನಲ್ಲಿ, ಪ್ರೋಗ್ರಾಮಿನ ಪ್ರತಿಯನ್ನು ನ್ಯಾಯವಾಗಿ ಹೊಂದಿರುವವರು ಅದನ್ನು ಕೊಟ್ಟ ಉದ್ದೇಶಕ್ಕೆ ಬಳಸಿಕೊಳ್ಳಲೆಂದು ನಕಲು ಮಾಡುವುದಕ್ಕೂ ಹೊಂದಿಸಿಕೊಳ್ಳುವುದಕ್ಕೂ ಅವಕಾಶವಿದೆ. ಬೇರೆಯವರ ಸಿ.ಡಿ.ಯನ್ನು ಬಿಚ್ಚಿ ಹಂಚುವುದು ಇದರಲ್ಲಿ ಸೇರುವುದಿಲ್ಲ.

ಹಳೆಯದರ ಬಗ್ಗೆ ಇಷ್ಟು ತಲೆ ಕೆಡಿಸಿಕೊಳ್ಳುವುದು ಹಳಹಳಿಕೆ ಎಂದು ತಳ್ಳಿಹಾಕುವವರು ಈಗಿನ ಇನ್‌ಸ್ಟಾಲರುಗಳನ್ನೊಮ್ಮೆ ನೋಡಲಿ. ಇಳಿಸಿಕೊಂಡ ಕಡತ ಒಂದೆರಡು ಎಂ.ಬಿ. ಇರುತ್ತದೆ. ಕ್ಲಿಕ್ ಮಾಡಿದರೆ ಅದು ದೂರದ ಸರ್ವರಿಗೆ ಹೋಗಿ ನಿಜವಾದ ತಂತ್ರಾಂಶವನ್ನು ತರುತ್ತದೆ, ನೀವು ಯಾರೆಂದು ಕೇಳುತ್ತದೆ, ಒಪ್ಪಿಗೆ ಬಂದ ಮೇಲೆ ಕೆಲಸ ಶುರು. 1997ರ ಸಿ.ಡಿ.ಯ ಸೆಟಪ್ ಕೈಕೊಟ್ಟರೂ ಬೇಕಾದದ್ದೆಲ್ಲ ಆ ತಟ್ಟೆಯ ಮೇಲೇ ಇತ್ತು. ಈಗಿನ ಈ ಪುಟ್ಟ ಕಡತವನ್ನು ಬಿಚ್ಚಿದರೆ ಒಳಗೆ ಒಂದು ವಿಳಾಸ ಮಾತ್ರ. ಅಡೋಬಿ ಕಂಪನಿ 2005ರ ತನ್ನ ಸಿಎಸ್2 ಸರಣಿಗೆ ಅನುಮತಿ ಕೊಡುತ್ತಿದ್ದ ಸರ್ವರುಗಳನ್ನು ನಿಲ್ಲಿಸಿದಾಗ, ದುಡ್ಡು ಕೊಟ್ಟವರು ಮತ್ತೆ ಇನ್‌ಸ್ಟಾಲ್ ಮಾಡಲಾಗದೆ ಕೂರಬಾರದೆಂದು, 2013ರ ಹೊತ್ತಿಗೆ ಅನುಮತಿ ಕೇಳದ ಬೇರೆ ಪ್ರತಿಗಳನ್ನೇ ಇಳಿಸಿಕೊಳ್ಳಲು ಇಡಬೇಕಾಯಿತು. ಫೋಟೋಶಾಪ್ ಅದೇ, ಬದಲಾಯಿಸಬೇಕಾಗಿ ಬಂದದ್ದು ಅದರ ಸುತ್ತಲಿನ ಕಟ್ಟು. ಆ ಕಂಪನಿ ಇನ್ನೂ ಇತ್ತು, ಹೊಸ ಪ್ರತಿ ಕೊಡುವ ಮನಸ್ಸೂ ಮಾಡಿತು. ಮುಚ್ಚಿಹೋಗುವ ಕಂಪನಿಗಳ ಪುಟ್ಟ ಕಡತಗಳನ್ನು ಇವತ್ತು ಪೆನ್‌ಡ್ರೈವಿನಲ್ಲಿ ಜೋಪಾನ ಮಾಡುತ್ತಿರುವವರು, ಪೂರ್ತಿ ಆಫ್‌ಲೈನ್ ಇನ್‌ಸ್ಟಾಲರ್ ಎಲ್ಲಾದರೂ ಸಿಗುತ್ತದೆಯೇ ಎಂದು ಈಗಲೇ ಹುಡುಕಿಕೊಳ್ಳುವುದು ಒಳ್ಳೆಯದು.